ಓಕೆ ಅಂದವನು

ಚಂದ್ರಾ ಲೇಔಟಿನ ವಿಮಲಮ್ಮನವರ ಮನೆಯ ಮೇಲಿನ ಒಂಟಿ ಕೋಣೆಯಲ್ಲಿ ಮಧುಕುಮಾರ್ ತನ್ನ ಮೂರನೆಯ ಸಿನಿಮಾದ ಎಡಿಟಿಂಗ್ ಮಾಡುತ್ತಿದ್ದ. ಕ್ಲೈಮ್ಯಾಕ್ಸ್ ತೆಗೆದದ್ದು ಕೆಳಗೆ ವಿಮಲಮ್ಮನವರ ಅಡುಗೆಮನೆಯಲ್ಲೇ. ಅದು ಹೇಗೆ ಬಂದಿದೆಯೋ ನೋಡೋಣವೆಂದು ಶನಿವಾರ ಬೆಳಗ್ಗೆ ಅವರು ಮೆಟ್ಟಿಲು ಹತ್ತಿ ಬಂದರು.

ಮೂರು ನಿಮಿಷದ ಸೀನು. ಸಸ್ಪೆಂಡಾದ ಬಸ್ ಕಂಡಕ್ಟರ್ ಒಂದು ತಿಂಗಳು ಮುಚ್ಚಿಟ್ಟಿದ್ದ ಸುದ್ದಿಯನ್ನು ಹೆಂಡತಿಗೆ ಹೇಳುತ್ತಾನೆ. ಕಂಡಕ್ಟರ್ ಆಗಿ ಮಧು, ಹೆಂಡತಿಯಾಗಿ ಬಿಂದುಶ್ರೀ.

"ಆ ಹುಡುಗಿ ಕಣ್ಣಲ್ಲೇ ಕೊಂದಾಕ್ಬಿಟ್ಲು ಕಣೋ," ಎಂದರು ವಿಮಲಮ್ಮ. "ನೀನ್ಯಾಕಪ್ಪಾ ಬೀರು ಥರ ನಿಂತಿದೀಯ?"

"ಅದು ಕ್ಯಾರೆಕ್ಟರ್ ಆಂಟಿ. ಎಲ್ಲಾ ಒಳಗೇ ನುಂಗ್ಕೊಳ್ಳೋ ಮನುಷ್ಯ."

"ಏನ್ ನುಂಗ್ದ ಅಂತ ಮುಖದಲ್ಲಿ ಕಾಣ್ಬೇಡ್ವಾ? ಹೊಟ್ಟೆನೋವು ಅಂದ್ಕೊಂಡೆ. ನನ್ ಮಿಕ್ಸಿ ಮಾತ್ರ ಚೆನ್ನಾಗ್ ಬಂದೈತೆ."

ಅವರು ಇಳಿದು ಹೋದಮೇಲೆ ಅವನು ಸೀನನ್ನು ನಾಲ್ಕು ಸಲ ನೋಡಿದ. ಹೆಂಗಸು ಹೇಳಿದ್ದು ನಿಜ. ಸೋಮವಾರ ಸಂಜೆಯೊಳಗೆ ಸಿನಿಮಾವನ್ನು ಫೆಸ್ಟಿವಲ್ಲಿಗೆ ಕಳಿಸಬೇಕಿತ್ತು. ಮೊದಲನೆಯದನ್ನು ಇಂಟರ್ನೆಟ್ಟಿನಲ್ಲಿ ಹಾಕಿದ್ದ, ಯಾರೂ ನೋಡಲಿಲ್ಲ. ಎರಡನೆಯದು ಒಂದೇ ಥಿಯೇಟರಿನಲ್ಲಿ ಒಂದು ವಾರ ಓಡಿತು. ನಿರ್ದೇಶಕ ಮಧು ಮೊದಲು ನಟ ಮಧುವನ್ನು ಕೆಲಸದಿಂದ ತೆಗೆಯಲಿ ಎಂದು ಒಬ್ಬ ವಿಮರ್ಶಕ ಬರೆದಿದ್ದ. ಇದೂ ಬಿದ್ದರೆ ನಾಲ್ಕನೆಯದಕ್ಕೆ ಯಾರೂ ಜೊತೆಗೆ ಬರುವುದಿಲ್ಲವೆಂದು ಅವನಿಗೆ ಗೊತ್ತಿತ್ತು.

ಬೇರೆ ಟೇಕು ಹುಡುಕಲು ಫೋಲ್ಡರ್ ತೆರೆದ. ಬಿಂದುಶ್ರೀಯ ಕಡೆ ಏಳು ಟೇಕು. ಅವನ ಕಡೆ ಒಂದೇ. ಹಿಂದಿನ ಸೀನಿನಲ್ಲಿ ಅವಳದು ಐದು, ಅವನದು ಒಂದು. ಶೂಟಿಂಗಿನ ನಾಲ್ಕನೇ ದಿನದಿಂದಾಚೆಗೆ ಎಲ್ಲವೂ ಹೀಗೇ.

ಕ್ಯಾಮೆರಾ ಮುಂದೆ ನಿಂತವನಿಗೆ ತನ್ನ ಮುಖ ಕಾಣುವುದಿಲ್ಲ. ತೆಗೆದದ್ದನ್ನು ಮತ್ತೆ ಹಾಕಿ ನೋಡುತ್ತ ಕೂತರೆ ಬೆಳಕು ಹೋಗುತ್ತದೆ. ಅದಕ್ಕೇ ಅವನು ನಟಿಸುವಾಗ ಮಾನಿಟರ್ ಮುಂದೆ ಕೂತು ಕಟ್, ಓಕೆ ಹೇಳುವ ಕೆಲಸ ಅಸೋಸಿಯೇಟ್ ಡೈರೆಕ್ಟರ್ ಫಕೀರೇಶನದು. ಗದಗಿನವನು, ವಿಜಯನಗರದ ಹಾಸ್ಟೆಲಿನಲ್ಲಿ ರೂಮ್‌ಮೇಟ್, ಮೂರೂ ಸಿನಿಮಾಕ್ಕೆ ದುಡಿದವನು. ಹೋದ ತಿಂಗಳು ತಾನೇ ಒಂದು ಸಿನಿಮಾ ಶುರುಮಾಡುತ್ತೇನೆಂದು ಪೋಸ್ಟರ್ ಬಿಟ್ಟಿದ್ದ. ನಾಯಕಿ ಬಿಂದುಶ್ರೀ.

ಮಧುವಿಗೆ ಎಲ್ಲ ಹೊಂದಿಕೊಂಡಿತು. ಫಕೀರೇಶ ಅವಳನ್ನು ಏಳು ಸಲ ತಿದ್ದಿದ್ದಾನೆ. ತನ್ನನ್ನು ಬೇಕೆಂದೇ ಬೀರುವಾಗಿ ನಿಲ್ಲಿಸಿದ್ದಾನೆ. ಹೀಗೆ ಯೋಚಿಸುವುದು ಅವನಿಗೆ ಹೊಸದಲ್ಲ. ಯಾವನೋ ನಿರ್ದೇಶಕ ತನ್ನನ್ನು ಕ್ಯಾಮೆರಾಕ್ಕೆ ಬೆನ್ನು ಮಾಡಿ ನಿಲ್ಲಿಸಿದನೆಂದು ನಿರ್ದೇಶಕನಾಗಿದ್ದ. ಯಾವನೋ ಎಡಿಟರ್ ತನ್ನ ಶಾಟ್ ಕತ್ತರಿಸಿದನೆಂದು ಎಡಿಟಿಂಗ್ ಕಲಿತಿದ್ದ. ಮೂರು ಕೆಲಸ ಬಲ್ಲವನೆಂದು ಜನ ಹೊಗಳುತ್ತಿದ್ದರು. ಕಲಿಸಿದ ಗುರು ಅನುಮಾನ.

ಈಗ ಸಾಕ್ಷಿ ಬೇಕಿತ್ತು. ಕಟ್ ಎಂದಮೇಲೂ ಕಾಲರಿಗೆ ಸಿಕ್ಕಿಸಿದ ಮೈಕು ಒಂದಿಷ್ಟು ಹೊತ್ತು ಕೇಳಿಸಿಕೊಳ್ಳುತ್ತಲೇ ಇರುತ್ತದೆ. ಅವನು ಬಿಂದುಶ್ರೀಯ ಮೈಕಿನ ಧ್ವನಿ ಹಾಕಿಕೊಂಡು, ಕ್ಲೈಮ್ಯಾಕ್ಸಿನ ತನ್ನ ಒಂದೇ ಟೇಕಿನ ಬಾಲಕ್ಕೆ ಕಿವಿಕೊಟ್ಟ.

"ಕಟ್. ಓಕೆ." ಫಕೀರೇಶನ ದನಿ. ಮಧು ಹೊರಗೆ ಹೋದ ಚಪ್ಪಲಿ ಸದ್ದು. ಆಮೇಲೆ ಬಿಂದುಶ್ರೀಯ ಪಿಸುಮಾತು: "ಫಕೀರಣ್ಣ, ಓಕೆ ಅಂದ್ಬಿಟ್ರಾ? ಪಾಠ ಒಪ್ಸೋ ಥರ ಹೇಳಿದ್ರಲ್ಲಾ!"

"ಗೊತ್ತೈತಿ ತಂಗಿ. ನಾಕನೇ ದಿನ ಇನ್ನೊಂದ್ ಟೇಕ್ ಅಂದಿದ್ದಕ್ಕ ಏನಾತು, ನೋಡೀಯಲ್ಲ? ಮುಗದ್ರ ಸಾಕಾಗೈತಿ ನನಗ."

ಮಧು ನಾಲ್ಕನೇ ದಿನದ ಕ್ಲಿಪ್ ತೆಗೆದ. ಕಟ್ ಆದಮೇಲೂ ಕ್ಯಾಮೆರಾ ಓಡುತ್ತಲೇ ಇತ್ತು, ಅದರಲ್ಲಿ ಅವನೇ ಫಕೀರೇಶನ ಮೇಲೆ ಕೂಗಾಡುತ್ತಿದ್ದ. "ನಂಗೆ ಆಕ್ಟಿಂಗ್ ಕಲಿಸ್ತೀಯೇನೋ? ಯಾರು ಕಳ್ಸಿದ್ದು ನಿನ್ನ, ನನ್ ಸಿನಿಮಾ ಹಾಳ್ ಮಾಡೋಕೆ? ಇನ್ಮೇಲೆ ನಂದು ಒಂದೇ ಟೇಕ್. ಓಕೆ ಅಂತಿರು, ಅಷ್ಟೇ!" ಹಿಂದೆ ಸೆಟ್ಟಿನ ಜನವೆಲ್ಲ ತಲೆ ತಗ್ಗಿಸಿ ನಿಂತಿದ್ದರು. ಅವನಿಗೆ ಅದು ಮರೆತೇ ಹೋಗಿತ್ತು. ಇಡೀ ಸಿನಿಮಾದಲ್ಲಿ ಅವನ ಮುಖಕ್ಕೆ ಜೀವ ಬಂದಿದ್ದು ಅದೊಂದೇ ಶಾಟಿನಲ್ಲಿ.

ಮಧ್ಯಾಹ್ನದ ಹೊತ್ತಿಗೆ ಫೋನ್ ಮಾಡಿದ.

"ಫಕೀ, ಕ್ಲೈಮ್ಯಾಕ್ಸಲ್ಲಿ ನನ್ ಶಾಟು ನಾಳೆ ಮತ್ತೆ ತೆಗೀಬೇಕು. ಬರ್ತೀಯಾ?"

"ಯಾಕ?"

"ಚೆನ್ನಾಗಿಲ್ಲ ಗುರು."

"ಯಾರ್ ಹೇಳಿದ್ರು?"

"ನಾನೇ ನೋಡ್ದೆ."

"ಲೇ, ಕಾಲ್ ರೆಕಾರ್ಡ್ ಮಾಡಾಕತ್ತೀಯೇನು?"

"ಇಲ್ಲ ಕಣೋ. ನೀನು ಓಕೆ ಅನ್ನೋವರೆಗೂ ಮಾಡ್ತೀನಿ."

"ಹಂಗಂತ ನಮ್ಮ ಸಿನಿಮಾದ ವಾಟ್ಸಪ್ ಗ್ರೂಪಿನಾಗ ಬರದ್ ಹಾಕು. ಎಲ್ಲಾರೂ ಓದ್ಲಿ. ಆಮ್ಯಾಲ ಬರ್ತೀನಿ."

ಬರೆದು ಹಾಕಿದ. ಮೂರು ಸಲ ಅಳಿಸಿದ ಮೇಲೆ.

ಭಾನುವಾರ ಮಧ್ಯಾಹ್ನ ವಿಮಲಮ್ಮನವರ ಅಡುಗೆಮನೆಯಲ್ಲಿ ಮತ್ತೆ ಕ್ಯಾಮೆರಾ ನಿಂತಿತು. ಮೊದಲ ಐದು ಟೇಕುಗಳಿಗೆ ಫಕೀರೇಶ "ಇನ್ನೊಂದು" ಎಂದ. ಆರನೆಯದು ಸರಿಯಾಯಿತೆಂದು ಮಧುವಿಗೇ ಅನಿಸಿತು. ಎದುರಿಗಿದ್ದ ಬಿಂದುಶ್ರೀ ಕಣ್ಣೊರೆಸಿಕೊಂಡಳು.

"ಕಟ್. ಇನ್ನೊಂದು," ಎಂದ ಫಕೀರೇಶ.

ಸೇಡು ತೀರಿಸಿಕೊಳ್ಳುತ್ತಿದ್ದಾನೆ. ಒಳ್ಳೆಯದನ್ನೇ ಬಿಸಾಡಿಸುತ್ತಿದ್ದಾನೆ. ಮಧು ಅವನ ಮುಖ ನೋಡಿದ, ಏನೂ ತಿಳಿಯಲಿಲ್ಲ. ಮಾನಿಟರ್ ನಾಲ್ಕೇ ಹೆಜ್ಜೆಯಾಚೆ ಇತ್ತು.

ಫಕೀರೇಶ ಕುರ್ಚಿ ಪಕ್ಕಕ್ಕೆ ಸರಿಸಿದ. "ಬೇಕಾದ್ರ ಬಂದು ನೋಡಪಾ. ನೀ ನೋಡಿದ್ಯೋ, ನಾ ಮನಿಗೆ ಹೊಂಟೆ."

ಬಿಂದುಶ್ರೀ ಅಲುಗಾಡಲಿಲ್ಲ. ಕಿಟಕಿಯಲ್ಲಿ ಇನ್ನೊಂದು ಗಂಟೆಯ ಬೆಳಕಿತ್ತು. ಮಧುವಿನ ಅನುಮಾನ ಹೋಗಿರಲಿಲ್ಲ. ಒಂದು ಕೂದಲಿನಷ್ಟೂ ಹೋಗಿರಲಿಲ್ಲ.

"ಏಳನೇ ಟೇಕ್," ಎಂದು ತಾನೇ ಕೂಗಿ, ಫ್ರಿಜ್ಜಿನ ಪಕ್ಕದ ತನ್ನ ಜಾಗಕ್ಕೆ ಹೋಗಿ ನಿಂತ.