ಹನ್ನೊಂದನೆಯ ಕಲ್ಲು

ಲಂಪಿಸ್ ಎಡಗೆನ್ನೆಯನ್ನು ಗೋಡೆಗೆ ಒತ್ತಿ, ಒಂದು ಕಣ್ಣು ಮುಚ್ಚಿ, ಉಸಿರು ಬಿಗಿಹಿಡಿದು ನಿಂತಿದ್ದ. ಚಾವಣಿಯಿಲ್ಲದ ಗುಡಿಯ ಒಳಾಂಗಣಕ್ಕೆ ಬೆಳಗಿನ ಬಿಸಿಲು ಓರೆಯಾಗಿ ಇಳಿಯುವ ಹೊತ್ತು. ಆಗ ಅಮೃತಶಿಲೆಯ ಮೇಲಿನ ಕೂದಲಿನಷ್ಟು ಸಣ್ಣ ಗೀರೂ ತನ್ನ ನೆರಳು ಹೊತ್ತು ಎದ್ದು ಕಾಣುತ್ತಿತ್ತು. ಸ್ವಲ್ಪ ತಡೆದರೆ ಬಿಸಿಲು ನೇರವಾಗಿ, ಗೀರುಗಳೆಲ್ಲ ಮತ್ತೆ ಕಲ್ಲಿನೊಳಗೆ ಅಡಗಿಬಿಡುತ್ತಿದ್ದವು. ಮೂರು ದಿನದಿಂದ ಅವನು ಇದೇ ಹೊತ್ತಿಗೆ ಬಂದು ನೌಸೊನ್ ಕೊರೆದ ಕಂಬದ ನಕ್ಷೆಯ ಉದ್ದಕ್ಕೂ ಕಣ್ಣು ಹಾಯಿಸುತ್ತಿದ್ದ.

"ಲಂಪಿಸಣ್ಣ ಗೋಡೆಗೆ ಮುತ್ತು ಕೊಡ್ತಾವ್ನೆ ಕಣ್ರೋ," ಹಿಂದಿನಿಂದ ಯಾರೋ ಕಲ್ಲುಕುಟಿಗ ಕೂಗಿದ. "ಬಿಟ್ಟೊ ಅತ್ತಿಗೆಗೆ ಹೇಳ್ಬೇಕು!"

ನಗು ಅಂಗಳದ ತುಂಬ ಹರಡಿ, ಎತ್ತರದ ಗೋಡೆಗಳಿಗೆ ಬಡಿದು ವಾಪಸ್ಸು ಬಂತು. ಲಂಪಿಸ್ ಅಲುಗಾಡಲಿಲ್ಲ. ಜಾಜು ತುಂಬಿದ ಕೆಂಪು ಗೆರೆ ಬುಡದಿಂದ ತುದಿಗೆ ತುಸುವೇ ಬಾಗಿ, ನೀರು ಹರಿದ ಹಾಗೆ ಹೋಗುತ್ತಿತ್ತು. ಅವನ ಸೊಂಟದ ಮಟ್ಟಕ್ಕೆ ಬಂದಾಗ ಮಾತ್ರ ಅದು ಒಳಕ್ಕೆ ಕುಸಿದಿತ್ತು. ಎಷ್ಟು? ಅರ್ಧ ಬಾರ್ಲಿ ಕಾಳಿನಷ್ಟು. ಹೆಬ್ಬೆರಳನ್ನು ಅಲ್ಲಿ ಆಡಿಸಿ ನೋಡಿದ. ಇತ್ತು. ಸಂದೇಹವೇ ಇಲ್ಲ. ಹೊಟ್ಟೆಯೊಳಗೆ ಎಷ್ಟೋ ತಿಂಗಳಿಂದ ಕೂತಿದ್ದ ಕೆಂಡವೊಂದರ ಮೇಲೆ ಯಾರೋ ತಣ್ಣೀರು ಚಿಮುಕಿಸಿದಂತಾಯಿತು.

ದಿದಿಮಾ ಎಂಬ ಊರಿನ ಈ ಗುಡಿಯಲ್ಲಿ ಲಂಪಿಸ್ ಇಪ್ಪತ್ತೆಂಟು ವರ್ಷ ದುಡಿದಿದ್ದ. ಕಂಬ ಎಂದರೆ ಒಂದರ ಮೇಲೊಂದು ಕೂರಿಸಿದ ಹದಿನೆಂಟು ದುಂಡುಕಲ್ಲು. ಕೂರಿಸಿದ ಮೇಲೆ ಸಾರುವೆ ಕಟ್ಟಿ, ಮೇಲಿನಿಂದ ಕೆಳಕ್ಕೆ ಇಪ್ಪತ್ನಾಲ್ಕು ಉದ್ದುದ್ದ ತೋಡುಗಳನ್ನು ಕೊರೆಯುತ್ತ ಇಳಿಯಬೇಕು. ಕಂಬ ನೆಟ್ಟಗೆ ಇದ್ದರೆ ಕಣ್ಣಿಗೆ ಸೊರಗಿದ ಹಾಗೆ ಕಾಣುತ್ತದೆ. ಅದಕ್ಕೆ ಚೂರು ಹೊಟ್ಟೆ ಬೇಕು. ಆ ಹೊಟ್ಟೆ ಎಷ್ಟಿರಬೇಕೆಂದು ಹೇಳುವುದಕ್ಕೆ ಹೋದ ವರ್ಷದವರೆಗೂ ಲಂಪಿಸನ ಕಣ್ಣೇ ಅಳತೆ. "ಲಂಪಿಸಣ್ಣ, ಬಂದು ನೋಡು," ಎಂದು ಕರೆಯುತ್ತಿದ್ದರು. ಅವನು ಇಪ್ಪತ್ತು ಹೆಜ್ಜೆ ಹಿಂದಕ್ಕೆ ಹೋಗಿ, ಕಣ್ಣು ಅರೆಮುಚ್ಚಿ, ಎಲ್ಲರನ್ನೂ ಕಾಯಿಸಿ, ಆಮೇಲೆ ಬೆರಳೆತ್ತಿ ತೋರಿಸುತ್ತಿದ್ದ. ಆ ಕಾಯಿಸುವ ಹೊತ್ತಿನ ಮೌನ ಅವನಿಗೆ ಊಟಕ್ಕಿಂತ ರುಚಿಯಾಗಿತ್ತು.

ಈಗ ಅವರು ಗೋಡೆಯನ್ನು ಕೇಳುತ್ತಿದ್ದರು. ಒಳಗೋಡೆಗಳ ಮೇಲೆ ಇನ್ನೂ ಒಂದು ತೆಳ್ಳನೆ ಪದರ ಕಲ್ಲು ಉಳಿದಿತ್ತು. ಗುಡಿ ಮುಗಿದ ಮೇಲೆ ಉಜ್ಜಿ ತೆಗೆಯುವಂಥದ್ದು. ಅಲ್ಲಿಯವರೆಗೆ ಅದೇ ಎಲ್ಲರ ಬರೆಯುವ ಹಲಗೆ. ನೌಸೊನ್ ಅದರ ಮೇಲೆ ಕಂಬವನ್ನು ಕೊರೆದಿದ್ದ. ಅಗಲ ಇದ್ದಷ್ಟೇ, ಎತ್ತರ ಮಾತ್ರ ಅಡಿಗೊಂದು ಬೆರಳಗಲ. ಅರವತ್ತೈದು ಅಡಿ ಕಂಬ ಮನುಷ್ಯನ ಎದೆಗಿಂತ ಎತ್ತರವಿಲ್ಲದೆ ಗೋಡೆಯಲ್ಲಿ ಕೂತುಬಿಟ್ಟಿತು. ಯಾವ ಎತ್ತರಕ್ಕೆ ಎಷ್ಟು ದಪ್ಪ ಬೇಕೋ ಅಲ್ಲಿ ಕೈವಾರ ಇಟ್ಟು ಅಳೆದುಕೊಂಡರೆ ಆಯಿತು. ನಿನ್ನೆ ಮೊನ್ನೆ ಉಳಿ ಹಿಡಿದವನೂ ಅಳೆಯಬಹುದು. ಯಾರೂ ಇಪ್ಪತ್ತು ಹೆಜ್ಜೆ ಹಿಂದೆ ಹೋಗಿ ನಿಲ್ಲಬೇಕಾಗಿರಲಿಲ್ಲ.

ನೌಸೊನ್‌ಗೆ ಮೂವತ್ತೈದು ದಾಟಿರಲಿಲ್ಲ. ಹನ್ನೆರಡು ವರ್ಷದ ಹಿಂದೆ ಪಕ್ಕದ ಪಟ್ಟಣ ಮಿಲೆಟಸ್‌ನಿಂದ ಬಂದಾಗ ಅವನಿಗೆ ಕೊಡತಿ ಹಿಡಿಯುವುದನ್ನು ಕಲಿಸಿದವನು ಲಂಪಿಸನೇ. ಈಗ ಮುಖ್ಯಶಿಲ್ಪಿ ಥೆರ್ಸಿಪ್ಪೊಸ್ ಅಂಗಳಕ್ಕೆ ಬಂದ ಕೂಡಲೆ "ನೌಸೊನ್ ಎಲ್ಲಿ?" ಎನ್ನುತ್ತಿದ್ದರು. ಆ ಒಂದು ಪ್ರಶ್ನೆ ಕೇಳಿದಾಗಲೆಲ್ಲ ಲಂಪಿಸನ ಉಳಿ ಒಂದು ಪೆಟ್ಟು ತಡವಾಗಿ ಬೀಳುತ್ತಿತ್ತು.

ಸಂಜೆ ಹೆಂಡತಿ ಬಿಟ್ಟೊ ಬಾರ್ಲಿ ರೊಟ್ಟಿ, ಈರುಳ್ಳಿ, ಉಪ್ಪುಮೀನು ಮುಂದಿಟ್ಟಳು. ಪಕ್ಕದಲ್ಲಿ ಒಂದು ಬಟ್ಟಲು ಅಂಜೂರ.

"ಇದ್ಯಾರು ತಂದಿದ್ದು?"

"ನೌಸೊನ್. ಮೊನ್ನೆಯೂ ಬಂದಿದ್ದ. ನೀವು ಗೋಡೆ ಕಡೆ ತಿರುಗಿ ಮಲಗಿದ್ರಲ್ಲ, ಎಬ್ಬಿಸ್ಬೇಡಿ ಅತ್ತಿಗೆ ಅಂದು ಹೋದ."

"ನಾನೇನು ನಿದ್ದೆ ಮಾಡ್ತಿರ್ಲಿಲ್ಲ."

"ಗೊತ್ತು," ಎಂದಳು ಬಿಟ್ಟೊ. "ಅವನಿಗೂ ಗೊತ್ತಿತ್ತು ಅನ್ಸತ್ತೆ."

ಲಂಪಿಸ್ ಅಂಜೂರದ ಬಟ್ಟಲನ್ನು ಬೆರಳ ತುದಿಯಿಂದ ದೂರ ತಳ್ಳಿದ. "ಅವನ ಗೋಡೇಲಿ ತಪ್ಪಿದೆ."

ಬಿಟ್ಟೊ ಕೈಯಲ್ಲಿದ್ದ ಹೂಜಿಯನ್ನು ಕೆಳಗಿಟ್ಟಳು. "ಹೇಳಿದ್ರಾ ಅವನಿಗೆ?"

"ನಾಡಿದ್ದು ಮಿಲೆಟಸ್‌ನಿಂದ ಗುಡಿಯ ಹಿರಿಯರು ಬರ್ತಾರೆ. ಬಲಿ ಆದ್ಮೇಲೆ ಥೆರ್ಸಿಪ್ಪೊಸ್ ಗೋಡೆ ತೋರಿಸ್ತಾರಂತೆ. ಎಲ್ಲರ ಮುಂದೆ."

"ಎಲ್ಲರ ಮುಂದೆ ಅವರು ತೋರಿಸ್ತಾರೆ. ನೀವು ಅದಕ್ಕೆ ಮುಂಚೆ ಅವನ ಕಿವೀಲಿ ಒಂದು ಮಾತು ಹೇಳ್ಬಹುದಲ್ಲ. ಅಣ್ಣ ಅಂತಾನೆ ನಿಮ್ಮನ್ನ."

"ಅನ್ಲಿ."

ಅವಳು ಅಂಜೂರದ ಬಟ್ಟಲನ್ನು ಎತ್ತಿಕೊಂಡು ಹೊಸ್ತಿಲಲ್ಲಿ ಕೂತು, ಒಬ್ಬಳೇ, ಒಂದೊಂದಾಗಿ ತಿಂದಳು.

ಎರಡು ದಿನ ಲಂಪಿಸ್ ಏನೂ ಹೇಳಲಿಲ್ಲ. ಅಂಗಳದಲ್ಲಿ ನೌಸೊನ್ ಎದುರಾದಾಗ ಹಿಂದಿಗಿಂತ ಮೆತ್ತಗೆ ಮಾತಾಡಿಸಿದ. ಅವನು ಕೈವಾರದ ಮೊನೆಯನ್ನು ಅದೇ ಕುಸಿದ ಜಾಗದಲ್ಲಿಟ್ಟು ಕಲ್ಲುಕುಟಿಗರಿಗೆ ಏನೋ ವಿವರಿಸುತ್ತಿದ್ದರೆ, ದೂರದಲ್ಲಿ ನಿಂತು ನೋಡುತ್ತ, ಬಾಯೊಳಗಿನ ಮಾತನ್ನು ಸಿಹಿ ಚಪ್ಪರಿಸುವಂತೆ ನಾಲಿಗೆಯಲ್ಲಿ ಆಡಿಸಿದ.

ಬಲಿಯ ದಿನ ಗುಡಿಯ ಮುಂದಿನ ದುಂಡು ಬಲಿಪೀಠದಿಂದ ಕೊಬ್ಬು ಸುಟ್ಟ ಹೊಗೆ ಎದ್ದು ಕಂಬಗಳ ನಡುವೆ ನುಗ್ಗುತ್ತಿತ್ತು. ಹೋರಿಯ ತೊಡೆ ದೇವರಿಗೆ ಸಂದ ಮೇಲೆ ಮಿಲೆಟಸ್‌ನ ಹಿರಿಯರು ಮೂವರು ಕೈ ತೊಳೆದುಕೊಂಡು, ಇಳಿಜಾರು ಸುರಂಗದ ದಾರಿಯಲ್ಲಿ ಒಳಾಂಗಣಕ್ಕೆ ಇಳಿದು ಬಂದರು. ಥೆರ್ಸಿಪ್ಪೊಸ್ ನೌಸೊನ್‌ನ ಭುಜದ ಮೇಲೆ ಕೈಯಿಟ್ಟು ಗೋಡೆಯ ಮುಂದೆ ನಿಲ್ಲಿಸಿದರು. ಕಲ್ಲುಕುಟಿಗರೆಲ್ಲ ಸುತ್ತ ಸೇರಿದರು. ನೌಸೊನ್ ತಡವರಿಸುತ್ತ, ಆದರೂ ತಪ್ಪಿಲ್ಲದೆ, ಅಡಿಗೊಂದು ಬೆರಳಿನ ಲೆಕ್ಕ ಹೇಳಿದ. ಹಿರಿಯರು ತಲೆಯಾಡಿಸಿದರು.

"ಇನ್ನು ಮೇಲೆ ಎಲ್ಲ ಕಂಬವೂ ಈ ಗೆರೆಗೇ," ಎಂದರು ಥೆರ್ಸಿಪ್ಪೊಸ್. "ಯಾರಾದ್ರೂ ಏನಾದ್ರೂ ಹೇಳೋದಿದೆಯಾ?"

"ಇದೆ ಸ್ವಾಮಿ."

ಜನ ದಾರಿ ಬಿಟ್ಟರು. ಲಂಪಿಸ್ ನಿಧಾನವಾಗಿ ಮುಂದೆ ಬಂದು, ಎಲ್ಲರನ್ನೂ ಒಮ್ಮೆ ಕಾಯಿಸಿ, ಹೆಬ್ಬೆರಳನ್ನು ಗೆರೆಯ ಮೇಲೆ ಒತ್ತಿದ.

"ಇಲ್ಲಿ ಕುಸಿದಿದೆ. ಹೊಟ್ಟೆ ಬಿಟ್ಟ ಕುಡುಕನಿಗೆ ಕತ್ತೆ ಒದ್ದ ಹಾಗೆ."

ನಗು ಸ್ಫೋಟಿಸಿತು. ಒಬ್ಬ ಹಿರಿಯನೂ ಬಾಯಿಗೆ ಬಟ್ಟೆ ಅಡ್ಡ ಹಿಡಿದ. ಥೆರ್ಸಿಪ್ಪೊಸ್ ಮಾತ್ರ ನಗದೆ, ತೆಳು ಪಟ್ಟಿಯೊಂದನ್ನು ತರಿಸಿ ಗೆರೆಯ ಗುಂಟ ಬಾಗಿಸಿ ಹಿಡಿದರು. ಪಟ್ಟಿಗೂ ಗೆರೆಗೂ ನಡುವೆ ಒಂದು ಕಡೆ ಬಿಳಿ ಕಲ್ಲು ಇಣುಕಿತು. ಅವರ ಮುಖ ಗಟ್ಟಿಯಾಯಿತು.

"ಏನಯ್ಯ ಇದು, ನೌಸೊನ್?"

ಲಂಪಿಸ್ ಕಾದ. ಆ ಮುಖ ಬಾಡುವುದನ್ನು, ಆ ಕಿವಿಗಳು ಕೆಂಪಾಗುವುದನ್ನು ಎರಡು ದಿನ ಮನಸ್ಸಿನಲ್ಲೇ ನೋಡಿದ್ದ. ಆದರೆ ನೌಸೊನ್ ಅವನ ಕಡೆಗೆ ತಿರುಗಿ, ಏನನ್ನೋ ನಿರೀಕ್ಷಿಸುವವನಂತೆ ನೋಡುತ್ತಿದ್ದ.

"ಹೌದು ಸ್ವಾಮಿ, ಅಲ್ಲಿ ಕುಸಿದಿದೆ. ನಾನೇ ಹಾಗೆ ಬಿಟ್ಟೆ," ಎಂದ ಅವನು. "ಇದು ತನ್ನ ಕಂಬ ಅಂತ ಲಂಪಿಸಣ್ಣನೇ ಹೇಳ್ತಾನೆ ಅಂದ್ಕೊಂಡಿದ್ದೆ. ಈ ಗೆರೆ ನನ್ನದಲ್ಲ. ಹೋದ ಚಳಿಗಾಲ ಅಣ್ಣ ಲಾಟ್ಮೊಸ್ ಬೆಟ್ಟದಲ್ಲಿ ಕಲ್ಲು ತೆಗೆಸ್ತಿದ್ದಾಗ, ಪೂರ್ವದ ಸಾಲಲ್ಲಿ ಅವನ ಮೂರನೇ ಕಂಬದ ತುದಿಯಿಂದ ತೂಗುಗುಂಡು ಇಳಿಬಿಟ್ಟು ಅಡಿಅಡಿಗೂ ಅಳೆದೆ."

ಪೂರ್ವದ ಸಾಲಿನ ಮೂರನೆಯ ಕಂಬ ಎಲ್ಲರಿಗೂ ಗೊತ್ತಿತ್ತು. ಗುಡಿಗೆ ದೇವರ ಭವಿಷ್ಯವಾಣಿ ಕೇಳಲು ಬಂದವರು ಬೇರೆ ಕಂಬಗಳನ್ನು ಬಿಟ್ಟು ಅದಕ್ಕೇ ಒರಗಿ ಕೂರುತ್ತಿದ್ದರು. ಅದು ಉಸಿರಾಡುತ್ತದೆ ಎನ್ನುತ್ತಿದ್ದರು.

"ಬುಡದಿಂದ ಹನ್ನೊಂದನೇ ಕಲ್ಲಲ್ಲಿ ಅದು ಅರ್ಧ ಕಾಳಿನಷ್ಟು ಒಳಕ್ಕೆ ಹೋಗತ್ತೆ. ಮೂರು ಸಲ ಅಳೆದೆ, ನಾನೇ ತಪ್ಪಿದೆ ಅಂದ್ಕೊಂಡು. ಆಮೇಲೆ ಒಂದು ಬೆಳಗ್ಗೆ ಕೆಳಗೆ ನಿಂತು ನೋಡ್ದಾಗ ಗೊತ್ತಾಯ್ತು. ಕಲ್ಲು ಉಸಿರು ಎಳ್ಕೊಳ್ಳೋದು ಅಲ್ಲೇ. ಅದನ್ನ ಸರಿಮಾಡಿ ಬರೆದ್ರೆ ಕಂಬ ಸತ್ತ ಹಾಗಿತ್ತು. ಅಳಿಸಿ ಮತ್ತೆ ಅಣ್ಣನ ಹಾಗೇ ಬರೆದೆ." ಅವನ ದನಿ ತಗ್ಗಿತು. "ಹೇಳೋಕೆ ಅಂತ ಎರಡು ಸಲ ಮನೆಗೆ ಬಂದಿದ್ದೆ. ಒಂದು ಸಲ ನೀನು ಮಲಗಿದ್ದೆ, ಇನ್ನೊಂದು ಸಲ ಮನೇಲಿರ್ಲಿಲ್ಲ, ಅಣ್ಣ."

ಲಂಪಿಸನ ಹೆಬ್ಬೆರಳು ಇನ್ನೂ ಗೋಡೆಯ ಮೇಲೇ ಇತ್ತು.

ಇಪ್ಪತ್ತೆರಡು ವರ್ಷ ಹಿಂದಿನ ಒಂದು ಮಧ್ಯಾಹ್ನ. ಆಗ ಪಕ್ಕದ ಕಂಬ ಇನ್ನೊಬ್ಬ ಕಲ್ಲುಕುಟಿಗ ಕೊಕ್ಕಲೊಸ್‌ನದು. ಯಾರದು ಮೊದಲು ನೆಲ ಮುಟ್ಟುತ್ತದೆ ಎಂದು ಅಂಗಳವೆಲ್ಲ ಕಾಯುತ್ತಿತ್ತು. ಇದೇ ಮೂರನೆಯ ಕಂಬದ ಸಾರುವೆಯ ಮೇಲಿದ್ದ ಲಂಪಿಸ್, ಆ ಕಡೆ ಅವನು ಎಷ್ಟು ಇಳಿದಿದ್ದಾನೆಂದು ಕತ್ತು ತಿರುಗಿಸಿದ್ದ. ಕೊಡತಿ ಆಗಲೇ ಕೆಳಗೆ ಬರುತ್ತಿತ್ತು. ಉಳಿ ಆಳಕ್ಕೆ ಹೋಯಿತು. ಗಾಯ ಕಾಣದಿರಲೆಂದು ಅವನು ಆ ಕಲ್ಲಿನ ಉಳಿದ ಇಪ್ಪತ್ಮೂರು ತೋಡುಗಳನ್ನೂ ಅಷ್ಟೇ ಆಳಕ್ಕೆ ಇಳಿಸಿದ. ಮೂರು ವಾರ ಹಿಡಿಯಿತು. ಕೊಕ್ಕಲೊಸ್ ಮೊದಲು ನೆಲ ಮುಟ್ಟಿದ. ಕೇಳಿದವರಿಗೆ ಲಂಪಿಸ್, ಕಲ್ಲಿನಲ್ಲಿ ನರ ಇತ್ತು, ಅದಕ್ಕೇ ತಡವಾಯಿತು ಎಂದ. ಆಮೇಲೆ ಜನ ಆ ಕಂಬವನ್ನು ಹೊಗಳಲು ಶುರುಮಾಡಿದಾಗ, ಯಾಕೆ ಹೊಗಳುತ್ತಾರೆಂದು ಅವನಿಗೆ ತಿಳಿದಿರಲಿಲ್ಲ. ತನ್ನ ಕಣ್ಣಳತೆಯ ಗುಣ ಎಂದುಕೊಂಡಿದ್ದ.

ಆ ಗುಣ ಈ ಅರ್ಧ ಕಾಳಿನಲ್ಲಿತ್ತೆಂದು ಅವನು ಕಂಡಿರಲೇ ಇಲ್ಲ. ನೌಸೊನ್ ಕಂಡಿದ್ದ.

"ಏನಯ್ಯ ಲಂಪಿಸ್," ಥೆರ್ಸಿಪ್ಪೊಸ್ ಕೇಳಿದರು. "ಬೇಕಂತಲೇ ಮಾಡಿದ್ದಾ?"

ಕೈ ಜಾರಿತ್ತು ಸ್ವಾಮಿ ಎಂದರೆ ಮುಗಿಯುತ್ತಿತ್ತು. ಗೋಡೆಯ ಗೆರೆ ಅಳಿಯುತ್ತಿತ್ತು, ಜೊತೆಗೆ ಮೂರನೆಯ ಕಂಬದ ಹೆಸರೂ. ನಾಳೆ ಅದಕ್ಕೆ ಒರಗುವವರು ಕತ್ತೆ ಒದ್ದ ಜಾಗ ಎಲ್ಲಿದೆಯೆಂದು ಹುಡುಕುತ್ತಿದ್ದರು. ಹೌದು ಎಂದರೆ ನೌಸೊನ್‌ನ ಗೆರೆ ಈ ಗುಡಿಯಲ್ಲಿ ಇನ್ನು ಎಂದೆಂದಿಗೂ ನಿಲ್ಲುತ್ತಿತ್ತು. ಲಂಪಿಸ್ ಇಬ್ಬರ ಮುಖವನ್ನೂ ನೋಡದೆ ಗೋಡೆಯನ್ನೇ ನೋಡಿದ. ಅವನು ಎಷ್ಟೋ ಸಲ ಜನರನ್ನು ಹೀಗೆ ಕಾಯಿಸಿದ್ದ. ಈ ಸಲದ ಮೌನಕ್ಕೆ ರುಚಿಯಿರಲಿಲ್ಲ.

"ಬೇಕಂತಲೇ," ಎಂದ.

"ಮತ್ತೆ ಈಗ್ಯಾಕಪ್ಪ ಕತ್ತೆ ಕರ್ಕೊಂಡು ಬಂದೆ?" ಎಂದ, ಮೊದಲು ನಕ್ಕಿದ್ದ ಹಿರಿಯ. ಹಿಂದೆ ಒಬ್ಬಿಬ್ಬರು ಕಿಸಕ್ಕೆಂದರು.

"ಗೋಡೆ ಮೇಲೆ ಅದು ತಪ್ಪಿನ ಹಾಗೇ ಕಾಣತ್ತೆ ಸ್ವಾಮಿ. ಎತ್ತರ ಇಷ್ಟೇ ಇಷ್ಟಕ್ಕೆ ಕುಗ್ಗಿಸಿದ್ದಾನಲ್ಲ. ನೋಡಿದವರು ತಿದ್ದಿಬಿಡ್ತಾರೆ. ತಿದ್ದಬಾರದು ಅಂತ ಮೊದಲೇ ಹೇಳಿದೆ."

ಸುಳ್ಳು ಎಷ್ಟು ಸಲೀಸಾಗಿ ಬಂತೆಂದು ಅವನಿಗೇ ಆಶ್ಚರ್ಯವಾಯಿತು. ನೌಸೊನ್ ಹೊಸದೇನೋ ಕಲಿತವನಂತೆ ತಲೆದೂಗಿದ. ಅವನ ಕಣ್ಣಲ್ಲಿ ನೀರಿತ್ತು. ಅದನ್ನು ಸಹಿಸುವುದು ಲಂಪಿಸನಿಗೆ ನಗುವಿಗಿಂತ ಕಷ್ಟವಾಯಿತು.

"ಹಾಗಾದ್ರೆ ಹೊಸ ಕಂಬದ ಹನ್ನೊಂದನೇ ಕಲ್ಲು ನಿನ್ನ ಕೈಯಲ್ಲೇ ಆಗ್ಲಿ," ಎಂದರು ಥೆರ್ಸಿಪ್ಪೊಸ್. "ನೌಸೊನ್ ಅಳತೆ ಹಿಡೀಲಿ."

ಅವತ್ತು ಮನೆಗೆ ಬಂದಾಗ ಬಿಟ್ಟೊ ಬಾಗಿಲಲ್ಲೇ ನಿಂತಿದ್ದಳು. ಸುದ್ದಿ ಅವನಿಗಿಂತ ಮೊದಲೇ ಮನೆ ಸೇರಿತ್ತು. "ಬೀದಿಯಲ್ಲೆಲ್ಲ ನಿಮ್ಮದೇ ಮಾತು," ಎಂದಳು. "ನೌಸೊನ್ ತಾನು ಮಾಡಿದ್ದನ್ನೂ ನಿಮ್ಮದು ಅಂದನಂತೆ."

"ಹೂಂ."

"ತಪ್ಪಿದೆ ಅಂದಿದ್ರಲ್ಲ?"

ಲಂಪಿಸ್ ಕೈಕಾಲು ತೊಳೆಯಲು ಹಿತ್ತಲಿಗೆ ಹೋದ. ತುಂಬ ಹೊತ್ತು ತೊಳೆದ.

ಹೊಸ ಕಂಬದ ತೋಡು ಮೇಲಿನಿಂದ ಇಳಿಯುತ್ತ ಹನ್ನೊಂದನೆಯ ಕಲ್ಲಿಗೆ ಬರುವಷ್ಟರಲ್ಲಿ ದ್ರಾಕ್ಷಿ ಕೊಯ್ಲು ಮುಗಿದಿತ್ತು. ಸಾರುವೆಯ ಹಲಗೆಯ ಮೇಲೆ ಲಂಪಿಸ್ ಮಂಡಿಯೂರಿದ. ಎದುರಿಗೆ ನೌಸೊನ್, ಕೈಯಲ್ಲಿ ಡೊಂಕು ಕೈವಾರ, ಗೋಡೆಯಿಂದ ಈಗಷ್ಟೇ ಹಿಡಿದು ತಂದ ಅಳತೆ. ದೂರದಲ್ಲಿ ಪನೋರ್ಮೊಸ್ ಬಂದರಿನ ಕಡೆ ಸಮುದ್ರ ಒಂದು ಗೆರೆಯಾಗಿ ಹೊಳೆಯುತ್ತಿತ್ತು.

ಲಂಪಿಸ್ ಉಳಿ ಇಟ್ಟು ಕೊಡತಿ ಎತ್ತಿದ. ಕೈ ಅಲ್ಲೇ ನಿಂತಿತು. ಒಂದು ಕ್ಷಣದಲ್ಲಿ ಆಗಿಹೋದದ್ದನ್ನು ಮತ್ತೆ ಮಾಡಲು ಕೈ ಒಪ್ಪಲಿಲ್ಲ. ಇಪ್ಪತ್ತೆಂಟು ವರ್ಷದ ಅಭ್ಯಾಸ ಅದನ್ನು ಸರಿಯಾದ ಗೆರೆಗೇ ಎಳೆಯುತ್ತಿತ್ತು. ಮೆಲ್ಲಗೆ ಹೊಡೆದ. ಕಾಳಿನ ಸಿಪ್ಪೆಯಷ್ಟು ಕಲ್ಲು ಎದ್ದಿತು. ನೌಸೊನ್ ಬಾಗಿ, ಕೈವಾರ ಇಟ್ಟು, ಸಂದಿನಲ್ಲಿ ಬೆಳಕು ನೋಡಿದ.

"ಇನ್ನೂ ಒಳಗೆ, ಅಣ್ಣ."

ಮತ್ತೆ ಹೊಡೆದ. ಮಧ್ಯಾಹ್ನದ ಹೊತ್ತಿಗೆ ಒಂದು ತೋಡಿನ ಒಂದು ಗೇಣು ಆಗಿತ್ತು. ಲಂಪಿಸನ ಹಣೆಯ ಬೆವರು ಕಲ್ಲಿನ ಹುಡಿಯ ಮೇಲೆ ಬಿದ್ದು ಬೂದುಬಣ್ಣದ ಚುಕ್ಕೆಯಾಗುತ್ತಿತ್ತು. ನೌಸೊನ್ ಅವನ್ನು ಅಂಗೈಯಿಂದ ಒರೆಸಿ, ಕಣ್ಣು ಮುಚ್ಚಿ, ಹೆಬ್ಬೆರಳನ್ನು ತೋಡಿನಲ್ಲಿ ಮೇಲಿನಿಂದ ಕೆಳಕ್ಕೆ ಇಳಿಸಿದ. ಒಂದು ಕಡೆ ಬೆರಳು ತಡೆಯಿತು.

"ಇನ್ನೊಂದು ಕೂದಲೆಳೆ," ಎಂದ.

ಲಂಪಿಸ್ ಉಳಿಯ ಮೊನೆಯನ್ನು ಆ ಬೆರಳಿನ ಪಕ್ಕದಲ್ಲಿಟ್ಟ. ನೌಸೊನ್ ಬೆರಳು ತೆಗೆಯಲಿಲ್ಲ. ಜಾಗ ತಪ್ಪದಿರಲೆಂದು ಅಲ್ಲೇ ಇಟ್ಟುಕೊಂಡು, ಇನ್ನೊಂದು ಕೈಯಿಂದ ಹಲಗೆಯನ್ನು ಹಿಡಿದು ಕಾದ. ಗಾಳಿ ಬಂದು ತೋಡಿನಲ್ಲಿದ್ದ ಬಿಳಿ ಹುಡಿಯನ್ನು ಎತ್ತಿಕೊಂಡು ಹೋಯಿತು. ಆ ಕಲ್ಲಿನ ಸುತ್ತ ಇನ್ನೂ ಇಪ್ಪತ್ಮೂರು ತೋಡುಗಳ ಜಾಗ ಹಾಗೇ ನುಣ್ಣಗೆ, ಬಿಸಿಲಿನಲ್ಲಿ, ಬಾಕಿಯಿತ್ತು.