ಹಸಿ ಗಡಿಗೆ

"ಗೋಡೆ ಕಡೆ ಗಡಿಗೆ ಬ್ಯಾಡ, ಸೀಳೈತೆ. ಅದರ ಪಕ್ಕದ್ದು ಕೊಡು," ಅಂದ ಅಂಜಿನಪ್ಪ.

ಸತ್ತವಳ ತಮ್ಮ ದುರುಗಣ್ಣ ಗಡಿಗೆ ಎತ್ತಿಕೊಂಡವನು ಹಾಗೇ ನಿಂತ. "ಭಾವ, ಇದು ಹಸೀದು. ಆವಿಗೇಲಿಟ್ಟು ಸುಟ್ಟಿಲ್ಲ. ನೀರು ಹಾಕಿದ್ರೆ ಕರಗ್ತೈತೆ. ನ್ಯಾಮತಿಗೆ ಬೈಕ್ ಕಳಿಸ್ತೀನಿ, ಒಂದು ತಾಸಲ್ಲಿ ಸುಟ್ಟಿದ್ದು ಬರ್ತೈತೆ."

"ಕುಂಬಾರರ ಮನೆ ಹೆಣಕ್ಕೆ ಅಂಗಡಿ ಗಡಿಗೆ ತರ್ತೀಯೇನು? ಇದು ನಿಮ್ಮಕ್ಕ ಕೊನೇಗೆ ತಟ್ಟಿದ್ದು. ಕರಗ್ಲಿ ಬಿಡು. ಹೆಂಗಿದ್ರೂ ಒಡೆಯಾದೇ ತಾನೇ."

ಅಂಗಳದಲ್ಲಿ ಅಂಜಿನಪ್ಪನ ಹೆಂಡತಿ ಸಾವಂತ್ರಮ್ಮನನ್ನು ಮಲಗಿಸಿದ್ದರು. ಸವಳಂಗದ ಕೆರೆಯ ಮೇಲಿನ ಮಂಜು ಇನ್ನೂ ಕರಗಿರಲಿಲ್ಲ. ಬಂದವರೆಲ್ಲ ಅದರೊಳಗಿಂದ ನಿಧಾನವಾಗಿ ಮೂಡುತ್ತಿದ್ದರು. ಕೊನೆಗೆ ಮೂಡಿದವಳು ಪೂಜಾ. ಮಡಕೆ ಕೆಲಸದ ವಿಡಿಯೊ ತೆಗೆಯಲು ಒಂದು ತಿಂಗಳಿಂದ ಹೊನ್ನಾಳಿಯಿಂದ ಬಸ್ಸಿನಲ್ಲಿ ಬರುತ್ತಿದ್ದವಳು. ಕ್ಯಾಮೆರಾ ಚೀಲವನ್ನು ಬೆನ್ನ ಹಿಂದೆ ಅಡಗಿಸಿಕೊಂಡು ನಿಂತಳು.

*

ಮೊದಲ ದಿನ ಅವಳು ಕ್ಯಾಮೆರಾ ಇಟ್ಟಿದ್ದು ಅಂಜಿನಪ್ಪನ ತಿಗರಿಯ ಮುಂದೆ. ತಿರುಗುವ ಚಕ್ರ, ಬೆರಳ ಸಂದಿಯಲ್ಲಿ ಏಳುವ ಮಣ್ಣು. ಹಿಂದಿನ ಮೂಲೆಯಿಂದ ಟಪ್, ಟಪ್.

"ಅಮ್ಮಾ, ಸ್ವಲ್ಪ ಹೊತ್ತು ನಿಲ್ಲಿಸ್ತೀರಾ? ಸೌಂಡ್ ಬರ್ತೈತೆ."

ಸಾವಂತ್ರಮ್ಮ ಮರದ ಹಲಗೆ ಕೆಳಗಿಟ್ಟು ಸೆರಗಿಗೆ ಕೈ ಒರೆಸಿಕೊಂಡಳು. ಚಕ್ರವೂ ನಿಂತಿತು.

"ಅವಳು ನಿಲ್ಲಿಸಿದ್ರೆ ನಂದೂ ನಿಲ್ತೈತೆ," ಅಂದ ಅಂಜಿನಪ್ಪ. "ನಾನು ಮಾಡಾದು ಬಾಯಿ, ಕುತ್ತಿಗೆ ಅಷ್ಟೇ. ಒಳಗೆ ಕಲ್ಲು ಹಿಡಿದು, ಹೊರಗಿಂದ ತಟ್ಟಿ ತಟ್ಟಿ ಹೊಟ್ಟೆ ತರಾಕೆ, ತಳ ಮುಚ್ಚಾಕೆ ಅವಳೇ ಬೇಕು."

ಪೂಜಾ ಕ್ಯಾಮೆರಾವನ್ನು ಮೂಲೆಗೆ ತಿರುಗಿಸಿದಳು. ಸಾವಂತ್ರಮ್ಮ ಸ್ವಲ್ಪ ಹೊತ್ತು ಬಿಗಿದು ಕೂತಿದ್ದು, ಆಮೇಲೆ ಕಣ್ಣು ಮುಚ್ಚಿ ತಟ್ಟತೊಡಗಿದಳು.

"ಕಣ್ಣು ಯಾಕಮ್ಮಾ ಮುಚ್ಚಿದ್ರಿ?"

"ಎಲ್ಲಿ ತೆಳ್ಳಗಾತು ಅಂತ ಕಿವಿ ಹೇಳ್ತೈತೆ ಕಣವ್ವ. ಕಣ್ಣಿಗೇನು ಗೊತ್ತಾಗ್ತೈತೆ?"

ಮಣ್ಣು ಅವಳ ಮಡಿಲಲ್ಲಿ, ನಿದ್ದೆಯಲ್ಲಿ ಉಸಿರೆಳೆದುಕೊಂಡ ಹಾಗೆ, ಉಬ್ಬುತ್ತ ಬಂತು.

ಆವಿಗೆ ಹಚ್ಚುವ ದಿನ ಬಾ ಅಂದಿದ್ದಳು. ಅದಕ್ಕೆ ಎರಡು ದಿನ ಮೊದಲೇ ಎದೆನೋವು ಬಂತು.

*

ಚಿತೆಯ ಹತ್ತಿರ ಅಂಜಿನಪ್ಪ ಪೂಜಾಳನ್ನು ಹುಡುಕಿ ಕರೆದ. "ಮಿಷನ್ನು ತಂದೀಯಾ?"

"ತಂದೀನಿ ಅಜ್ಜ. ಆದ್ರೆ ಇವತ್ತು ಹೆಂಗೆ..."

"ತಗಿ. ಅವಳ ಕೆಲಸ ಪೂರ್ತಿ ಬರ್ಬೇಕು."

ನೀರು ತುಂಬಿದ ಗಡಿಗೆ ಅವನ ಹೆಗಲೇರಿತು. ಚಿತೆಯ ಸುತ್ತ ಮೊದಲ ಸುತ್ತಿನಲ್ಲೇ ಅದರ ಮೈ ಕಪ್ಪಾಯಿತು. ಎರಡನೆಯದಕ್ಕೆ ಬೆವರತೊಡಗಿತು, ಕೆಸರುನೀರು ಅವನ ಬೆನ್ನಗುಂಟ ಇಳಿಯಿತು. ದುರುಗಣ್ಣ ಹಿಂದೆಯೇ ಎರಡೂ ಕೈ ಚಾಚಿಕೊಂಡು ನಡೆದ. ಮೂರನೆಯ ಸುತ್ತು ಮುಗಿಸಿ ಅಂಜಿನಪ್ಪ ಚಿತೆಗೆ ಬೆನ್ನು ಮಾಡಿ ನಿಂತು, ಗಡಿಗೆಯನ್ನು ಹಿಂದಕ್ಕೆ ಬಿಟ್ಟ.

ಅದು ಒಡೆಯಲಿಲ್ಲ. ನೆಲದ ಮೇಲೆ ಮೆತ್ತಗೆ ಕೂತು, ನಿಧಾನವಾಗಿ ಅಗಲವಾಗುತ್ತ ಹೋಯಿತು.

ಹಿಂತಿರುಗಿ ನೋಡುವಂತಿರಲಿಲ್ಲ. ಖಾಲಿ ಹೆಗಲ ಮೇಲೆ ಕೈಯನ್ನು ಹಾಗೇ ಎತ್ತಿ ಹಿಡಿದು, ಸದ್ದಿಗಾಗಿ ಕಿವಿಗೊಟ್ಟು, ಅಂಜಿನಪ್ಪ ನಿಂತೇ ಇದ್ದ.