ವೈರಸ್ ಅಕ್ಕ

ಮೇಲಿನ ಮನೆಯ ಮೇಷ್ಟ್ರು ಕೀಬೋರ್ಡಿನ ಗುಂಡಿಗಳನ್ನು ಒಂದೊಂದಾಗಿ ಒತ್ತಿ ನೋಡುತ್ತಿದ್ದರು. ಕೂಗು ಮಾತ್ರ ನಿಲ್ಲಲಿಲ್ಲ. ಪರದೆ ತುಂಬ ಕೆಂಪು. "ನಿಮ್ಮ ಕಂಪ್ಯೂಟರಿಗೆ ಸೋಂಕು ತಗುಲಿದೆ. ಆಫ್ ಮಾಡಬೇಡಿ. ಈ ಕೂಡಲೇ ಕೆಳಗಿನ ನಂಬರಿಗೆ ಕರೆ ಮಾಡಿ" ಎಂದು ಒಂದು ಹೆಣ್ಣುದನಿ ಹೇಳಿದ್ದನ್ನೇ ಹೇಳುತ್ತಿತ್ತು, ಅದರ ಹಿಂದೆಯೇ ಸೈರನ್. ಗೋಡೆಯಾಚೆ, ನಡುಮನೆಯಲ್ಲಿ, ಆ ಕಂಪ್ಯೂಟರಿನ ಒಡತಿಯನ್ನು ಮಲಗಿಸಿದ್ದರು. ಹೆಣ ಒಯ್ಯುವ ಗಾಡಿ ಹನ್ನೊಂದಕ್ಕೆ ಬರುವುದಿತ್ತು.

"ಕೈಯಾರೆ ನಾನೇ ಮಾಡಿದ್ದು," ಎಂದ ಅವಳ ಗಂಡ, ಬಾಗಿಲಿಗೆ ಒರಗಿ. ಕನ್ನಡಕದ ಗಾಜು ಉಜ್ಜುವ ಕೆಲಸದಲ್ಲಿ ನಲವತ್ತು ವರ್ಷ ಕಳೆದ ಮನುಷ್ಯ. ಎರಡು ದಿನದಿಂದ ಕಣ್ಣು ಮುಚ್ಚಿರಲಿಲ್ಲ. "ಅವಳ ಆಫೀಸಿನವರ ನಂಬರೆಲ್ಲ ಇದ್ರಲ್ಲೇ ಇದೆ, ತಿಳಿಸೋಣ ಅಂತ ಹಾಕಿದೆ. 'ಆಸ್ಪತ್ರೆ ಕಾಗದ' ಅಂತ ಒಂದು ಮೇಲ್ ಬಂದಿತ್ತು. ನಮ್ಮದೇ ಇರ್ಬೇಕು ಅಂತ ಒತ್ತಿಬಿಟ್ಟೆ."

"ವೈರಸ್ ಅಕ್ಕನ ಮನೇಲೇ ವೈರಸ್ಸು," ಎಂದ ಬೀದಿ ತುದಿಯ ಬೇಕರಿಯವನು. ನಗಿಸಲೆಂದು ಹೇಳಿದ್ದಲ್ಲ. ಆದರೂ ಹೊರಗೆ ಯಾರೋ ಕಿಸಕ್ಕೆಂದು, ಅದನ್ನು ಕೆಮ್ಮಿನಲ್ಲಿ ಮುಚ್ಚಿಕೊಂಡರು. ಬೇಕರಿಯವನು ಜೇಬಿನಿಂದ ಫೋನು ತೆಗೆದು ಪರದೆಯ ಮೇಲಿದ್ದ ನಂಬರನ್ನು ಒತ್ತತೊಡಗಿದ.

"ಆ ನಂಬರಿಗೆ ಮಾಡ್ಬೇಡಿ."

ಎಲ್ಲರೂ ತಿರುಗಿದರು. ಐವತ್ತು ದಾಟಿದ ಹೆಂಗಸೊಬ್ಬಳು ಹೆಗಲ ಚೀಲವನ್ನೂ ಇಳಿಸದೆ ನಿಂತಿದ್ದಳು. ಸತ್ತವಳದೇ ಮೂಗು, ಅದೇ ಗಿಡ್ಡ ಕತ್ತು. ಯಾರನ್ನೂ ಕೇಳದೆ ಒಳಗೆ ಬಂದು, ಮೇಜಿನ ಹಿಂದಕ್ಕೆ ಬಗ್ಗಿ ನೆಟ್ ವೈರು ಕಿತ್ತಳು. ಮೂರು ಗುಂಡಿಗಳನ್ನು ಒಟ್ಟಿಗೆ ಅದುಮಿ, ಬಂದ ಪಟ್ಟಿಯಲ್ಲಿ ಒಂದು ಸಾಲನ್ನು ಹುಡುಕಿ ಮುಚ್ಚಿದಳು. ಕೂಗು ನಿಂತಿತು. ಮನೆ ಒಮ್ಮೆಲೇ ಸಾವಿನ ಮನೆಯಾಯಿತು.

"ನಾವು ಗಾಬರಿ ಬಿದ್ರೆ ಅದಕ್ಕೆ ಅರ್ಧ ಕೆಲಸ ಮುಗಿದ ಹಾಗೆ," ಎಂದಳು.

ಅದು ಸತ್ತವಳ ಮಾತು. ಬೀದಿಯವರು ಕೇಳಿ ಕೇಳಿ ಬೇಸತ್ತಿದ್ದ ಮಾತು. ಇವಳ ಬಾಯಿಗೆ ಹೇಗೆ ಬಂತೆಂದು ಮೇಷ್ಟ್ರು ಹುಬ್ಬೇರಿಸಿದರು.

ಗಂಡ ಬಾಗಿಲು ಬಿಟ್ಟು ಮುಂದೆ ಬಂದ. "ಬಂದ್ಯಾ," ಎಂದ. ಉಳಿದವರ ಕಡೆ ತಿರುಗಿ, "ಇವಳು ಅವಳ ತಂಗಿ," ಎಂದ.

ಹದಿನೆಂಟು ವರ್ಷಗಳಲ್ಲಿ ತಂಗಿ ಈ ಹೊಸ್ತಿಲು ದಾಟಿದ್ದು ಇದೇ ಮೊದಲು.

*

ಹದಿನೆಂಟು ವರ್ಷದ ಹಿಂದೆ ಅಕ್ಕನಿಗೆ ಯಾವ ಅಡ್ಡಹೆಸರೂ ಇರಲಿಲ್ಲ. ನೀರು ಸರಬರಾಜು ಕಚೇರಿಯಲ್ಲಿ ಟೈಪಿಸ್ಟು. ನಲ್ಲಿಯಲ್ಲಿ ನೀರು ಬರದವರ ದೂರುಗಳಿಗೆ, "ತಮ್ಮ ಪತ್ರ ತಲುಪಿದೆ, ಸೂಕ್ತ ಕ್ರಮ ಕೈಗೊಳ್ಳಲಾಗುವುದು" ಎಂದು ದಿನಕ್ಕೆ ಐವತ್ತು ಸಲ ಬಡಿಯುವ ಕೆಲಸ. ಉಳಿದದ್ದನ್ನು ಮನೆಯಲ್ಲಿ ಮುಗಿಸಲೆಂದು ಕಂಪ್ಯೂಟರ್ ತಂದುಕೊಂಡಿದ್ದಳು, ಏಕೆಂದರೆ ಮನೆಯಲ್ಲಿ ತಾಯಿ ಹಾಸಿಗೆ ಹಿಡಿದಿದ್ದಳು. ಮೂರನೆಯ ವರ್ಷ ಅದು. ಬೆಳಿಗ್ಗೆ ಬಟ್ಟೆ ಬದಲಿಸಿ, ಮಗ್ಗುಲಿಗೆ ಹೊರಳಿಸಿ, ಬೆನ್ನಿನ ಹುಣ್ಣಿಗೆ ಪುಡಿ ಹಾಕಿ ಕಚೇರಿಗೆ ಓಡುವುದು. ಮಧ್ಯಾಹ್ನ ಓಡಿ ಬಂದು ಇನ್ನೊಂದು ಮಗ್ಗುಲಿಗೆ ಹೊರಳಿಸುವುದು. ತಾಯಿ ಅವಳೊಡನೆ ಮಾತಾಡುತ್ತಿದ್ದುದು ಬಯ್ಯುವುದಕ್ಕೆ ಮಾತ್ರ.

ತಂಗಿ ಬಸ್ಸಿನಲ್ಲಿ ನಾಲ್ಕು ಗಂಟೆ ದೂರದ ಊರಲ್ಲಿ, ಶಾಲೆಯೊಂದರ ಸಂಗೀತ ಟೀಚರು. ತಿಂಗಳಿಗೊಮ್ಮೆ ಹಣ್ಣು ಹಿಡಿದು ಬರುವಳು. ಅವಳು ಬಂದ ದಿನ ತಾಯಿ ದಿಂಬಿಗೆ ಒರಗಿ ಕೂರುವಳು. "ನನ್ನ ಚಿಕ್ಕದು ಬಂತು" ಎಂದು ಅವಳ ಕೈ ಹಿಡಿದರೆ ಬಿಡುತ್ತಿರಲಿಲ್ಲ.

ಅಂಥ ಒಂದು ಭಾನುವಾರ, ತಂಗಿ ಹೊರಟ ಮೇಲೆ, ಅಕ್ಕ ಕಂಪ್ಯೂಟರಿನ ಮುಂದೆ ಕೂತು ಅರ್ಧ ಪುಟ ಬಡಿದಳು. ಯಾರಿಗೆಂದೂ ಅಲ್ಲ.

"ಅವಳು ಒಂದು ಗಂಟೆ ಕೂತು ಹೋದಳು. ಅಮ್ಮ ನಕ್ಕಳು. ಆಮೇಲೆ ಹಾಸಿಗೆ ಒದ್ದೆಯಾಯಿತು, ಅದು ನನ್ನ ಪಾಲು. ಹಣ್ಣು ಕೊಡುವವಳು ಮಗಳು, ಹೇಲು ಬಾಚುವವಳು ಆಳು. ಅಮ್ಮ ಹೋಗಿಬಿಟ್ಟರೆ ಸಾಕು. ಒಂದು ದಿನ ಪೂರ್ತಿ ಮಲಗಬೇಕು ನಾನು."

ಬರೆದು ಮುಚ್ಚಿಟ್ಟಳು. ಎದೆ ಸ್ವಲ್ಪ ಹಗುರಾಯಿತು. ಎದ್ದು ಹೋಗಿ ಹಾಸಿಗೆ ಬದಲಿಸಿದಳು.

ಅದೇ ವಾರ ಕಚೇರಿಯ ಸಹೋದ್ಯೋಗಿಯ ಹೆಸರಲ್ಲಿ ಒಂದು ಮೇಲ್ ಬಂತು: "ಇದನ್ನು ನೋಡಿ ನಿಮ್ಮ ಸಲಹೆ ತಿಳಿಸಿ." ಲಗತ್ತಿಸಿದ್ದ ಫೈಲನ್ನು ಒತ್ತಿದಳು. ಏನೂ ತೆರೆಯಲಿಲ್ಲ. ಕೆಲಸ ಬಹಳವಿತ್ತು, ಮರೆತಳು. ಆ ಕಾಲದಲ್ಲಿ ಅಂಥದೊಂದು ವೈರಸ್ಸಿತ್ತು. ಹೊಕ್ಕ ಕಂಪ್ಯೂಟರಿನಿಂದ ಯಾವುದಾದರೊಂದು ಫೈಲನ್ನು ಹೆಕ್ಕಿ, ವಿಳಾಸಪಟ್ಟಿಯಲ್ಲಿದ್ದವರಿಗೆಲ್ಲ ಕಳಿಸಿ, ಅದರ ಬೆನ್ನೇರಿ ತಾನೂ ಹೋಗುತ್ತಿತ್ತು. ಅಕ್ಕನ ಪಟ್ಟಿಯಲ್ಲಿ ನಲವತ್ತೊಂದು ಜನರಿದ್ದರು. ಮೇಲಧಿಕಾರಿ, ಚಿಕ್ಕಪ್ಪ, ಅವರ ಮಕ್ಕಳು, ತಂಗಿ.

ಮೊದಲು ಚಿಕ್ಕಪ್ಪನ ಫೋನು ಬಂತು. "ಹೆತ್ತವಳು ಸಾಯ್ಲಿ ಅಂತ ಊರಿಗೆಲ್ಲ ಡಂಗುರ ಹೊಡೆದ್ಯಲ್ಲೇ?" ಎರಡು ದಿನಕ್ಕೆ ತಂಗಿ ಗಾಡಿ ಮಾಡಿಕೊಂಡು ಬಂದಳು.

"ನಾನು ಕಳಿಸಿಲ್ಲ ಕಣೇ," ಎಂದಳು ಅಕ್ಕ. "ವೈರಸ್ಸು. ನಿನ್ನಾಣೆ."

"ಕಳಿಸಿದ್ದು ವೈರಸ್ಸು. ಬರೆದದ್ದು ಯಾರು?"

ತಾಯಿಯನ್ನು ಹಾಸಿಗೆ ಸಮೇತ ಎತ್ತಿ ಗಾಡಿಗೆ ಹಾಕಿದರು. ಏಳು ವಾರಕ್ಕೆ ತಂಗಿಯ ಮನೆಯಲ್ಲಿ ತಾಯಿ ತೀರಿಕೊಂಡಳು. ಅಕ್ಕ ಮಣ್ಣಿಗೆ ಹೋಗಿ, ಎಲ್ಲರ ಹಿಂದೆ ನಿಂತು, ಯಾರೂ ಮಾತಾಡಿಸದೆ ಬಂದ ಬಸ್ಸಿನಲ್ಲೇ ವಾಪಸಾದಳು.

ಪೂರ್ತಿ ದಿನ ಮಲಗುವುದಕ್ಕೆ ಈಗ ಅಡ್ಡಿಯಿರಲಿಲ್ಲ. ನಿದ್ದೆ ಬರಲಿಲ್ಲ. ಆ ವೈರಸ್ಸನ್ನು ತೆಗೆಯುವುದು ಹೇಗೆಂದು ಕಚೇರಿಯಲ್ಲಿ ಯಾರಿಗೂ ತಿಳಿದಿರಲಿಲ್ಲ. ಪುಸ್ತಕ ತಂದು, ಅವರಿವರನ್ನು ಕಾಡಿ ತಾನೇ ಕಲಿತಳು. ಹನ್ನೊಂದು ದಿನ ಹಿಡಿಯಿತು. ಆಮೇಲೆ ಮೇಲಿನ ಮನೆಯ ಮೇಷ್ಟ್ರ ಕಂಪ್ಯೂಟರ್ ಕೆಟ್ಟಿತು. ಆಮೇಲೆ ಬೇಕರಿಯವನದು.

*

ಹನ್ನೊಂದಾಯಿತು, ಹನ್ನೊಂದೂವರೆಯಾಯಿತು, ಗಾಡಿ ಬರಲಿಲ್ಲ. ಜಗಲಿಯಲ್ಲಿ ಕುರ್ಚಿ ಸಾಲದೆ ಕೆಲವರು ಮೆಟ್ಟಿಲ ಮೇಲೆ ಕೂತರು. ಕಾಯುವವರ ಬಾಯಿ ತಾನಾಗಿ ಬಿಚ್ಚಿತು.

"ಆರಕ್ಕೆ ಬರ್ತೀನಿ ಅಂದ್ರೆ ಆರಕ್ಕೇ ಬರೋರು," ಎಂದ ಬೇಕರಿಯವನು. "ಆಫೀಸು ಮುಗಿಸಿ, ಸುಸ್ತಾಗಿ. ಟೀ ಕುಡೀರಿ ಅಂದ್ರೆ ಬೇಡ. ಕೂತ್ಕೊಳ್ಳಿ ಅಂದ್ರೆ, 'ಕೂತ್ರೆ ಏಳಲ್ಲಪ್ಪ ನಾನು' ಅನ್ನೋರು."

"ನನಗೊಂದ್ಸಲ ಹೇಳಿದ್ರು," ಎಂದರು ಮೇಷ್ಟ್ರು. "'ಊರ ಮಕ್ಕಳಿಗೆಲ್ಲ ಭೂಗೋಳ ಕಲಿಸಿದ್ರಿ ಮೇಷ್ಟ್ರೇ, ಎಲ್ಲಿ ಕೈ ಇಡಬಾರದು ಅಂತ ನಿಮಗೆ ಕಲಿಸೋರು ಇಲ್ಲವಲ್ಲ.' ಉಚಿತ ಅಂತ ಎಲ್ಲಿ ಕಂಡ್ರೂ ಒತ್ತೋನು ನಾನು. ಐದು ಸಲ ಬಂದಿದ್ದಾರೆ. ಐದು ಸಲವೂ ಬೈದಿದ್ದಾರೆ."

ಬೇಕರಿಯವನು ದನಿ ತಗ್ಗಿಸಿದ. "ನನ್ನ ಮಷೀನಲ್ಲಿ ಏನೇನಿತ್ತು ಅಂತ ನನಗೆ ಗೊತ್ತು ಮೇಷ್ಟ್ರೇ. ಹೆಂಡ್ತಿ ಕಣ್ಣಿಗೆ ಬಿದ್ದಿದ್ರೆ ಮನೆ ಎರಡಾಗೋದು. ಮಾರನೇ ದಿನ ಅಕ್ಕ ಅಂಗಡಿಗೆ ಬಂದಾಗ ಭೂಮಿ ಬಾಯ್ಬಿಡಬಾರದಾ ಅನ್ನಿಸ್ತು. ಅವರು 'ಒಂದು ಬ್ರೆಡ್ ಕೊಡಪ್ಪ' ಅಂದ್ರು. ಅಷ್ಟೇ."

"ಅವರು ನೋಡಿದ್ರೆ ತಾನೇ?" ಎಂದರು ಮೇಷ್ಟ್ರು. "ಯಾರ ಫೈಲೂ ತೆರೆದವರಲ್ಲ ಅವರು. ಕ್ಲೀನ್ ಆದ್ಮೇಲೆ, ನನ್ನ ಫೈಲು ಸರಿಯಿದೆಯಾ ನೋಡ್ರಮ್ಮ ಅಂತ ನಾನೇ ಅಂದೆ. 'ನೀವೇ ತೆರೆದು ನೋಡ್ಕೊಳ್ಳಿ, ನಾನು ಆ ಕಡೆ ತಿರುಗ್ತೀನಿ' ಅಂದ್ರು. ಎಲ್ಲರ ಮನೇಲೂ ಹಾಗೇ."

ಬಾಗಿಲ ಪಕ್ಕ ಚಾಪೆಯ ಮೇಲೆ ಕೂತಿದ್ದ ತಂಗಿ ತಲೆ ಎತ್ತಿದಳು.

"ಎಲ್ಲರ ಮನೇಲೂ?"

"ಎಲ್ಲರ ಮನೇಲೂ ಅಮ್ಮ. ಮೇಲೆ ಏನು ಹೆಸರು ಬರೆದಿದ್ರೂ ಅಷ್ಟೇ."

ಅವಳು ಇನ್ನೇನೋ ಕೇಳುವವಳಿದ್ದಳು. ಬೀದಿಯ ತಿರುವಿನಲ್ಲಿ ಗಾಡಿ ಕಾಣಿಸಿತು. ಎಲ್ಲರೂ ಎದ್ದು ನಿಂತರು.

*

ಆರು ವರ್ಷದ ಹಿಂದೆ ತಂಗಿಯ ಮನೆಯ ಕಂಪ್ಯೂಟರಿಗೂ ರೋಗ ಬಡಿದಿತ್ತು. ಅದರಲ್ಲಿ ಇಪ್ಪತ್ತು ವರ್ಷದಿಂದ ಅವಳು ಹಾಡಿಸಿ ಹಿಡಿದಿಟ್ಟ ಶಾಲಾಮಕ್ಕಳ ದನಿಗಳಿದ್ದವು. ರಿಪೇರಿಯವನು, ಎಲ್ಲ ಅಳಿಸಿ ಹೊಸದಾಗಿ ಹಾಕಬೇಕು ಎಂದ. ಅವಳು ಊಟ ಬಿಟ್ಟು ಕೂತದ್ದು ನೋಡಲಾರದೆ ಅವಳ ಗಂಡ ಗುಟ್ಟಾಗಿ ಅಕ್ಕನಿಗೆ ಫೋನು ಮಾಡಿದ.

ತಂಗಿ ಶಾಲೆಯಿಂದ ಬರುವ ಹೊತ್ತಿಗೆ ಅಕ್ಕ ಬಂದು ಹೋಗಿಯಾಗಿತ್ತು. ಹಾಡುಗಳೆಲ್ಲ ಇದ್ದವು. ಕೀಬೋರ್ಡಿನ ಕೆಳಗೆ ಒಂದು ಹಾಳೆ. ಗೊತ್ತಿಲ್ಲದವರು ಕಳಿಸಿದ್ದನ್ನು ತೆರೆಯಬೇಡ. ಗೊತ್ತಿದ್ದವರು ಕಳಿಸಿದರೂ ಒಂದು ಮಾತು ಕೇಳಿ ತೆರೆ. ಪರದೆ ಹೆದರಿಸಿದರೆ ಮೊದಲು ನೆಟ್ ವೈರು ಕೀಳು, ಆಮೇಲೆ ಯೋಚಿಸು. ನೀನು ಗಾಬರಿ ಬಿದ್ದರೆ ಅದಕ್ಕೆ ಅರ್ಧ ಕೆಲಸ ಮುಗಿದ ಹಾಗೆ. ಊರವರಿಗೆಲ್ಲ ಅಕ್ಕ ಬರೆದುಕೊಡುತ್ತಿದ್ದ ಹಾಳೆಯೇ ಅದು; ಅವರಿಗೆ ತೆರೆಯಿರಿ, ಕೀಳಿರಿ ಎಂದಿರುತ್ತಿತ್ತು. ಇದರಲ್ಲಿ ಮಾತ್ರ ತೆರೆ, ಕೀಳು. ತಂಗಿ ಗಂಡನ ಮೇಲೆ ಎಗರಾಡಿದಳು. ಹಾಳೆಯನ್ನು ಹರಿಯಲಿಲ್ಲ.

ಆಮೇಲೆ ಅಕ್ಕ ಬಂದು ಕಂಪ್ಯೂಟರ್ ನೋಡಿಹೋಗುವುದು ವರ್ಷಕ್ಕೊಮ್ಮೆ ನಡೆಯಿತು. ಅಕ್ಕ ಬರುವ ದಿನ ತಂಗಿಗೆ ಗೊತ್ತಿರುತ್ತಿತ್ತು. ಗೊತ್ತಿಲ್ಲದವಳ ಹಾಗೆ ಶಾಲೆಗೆ ಹೋಗುತ್ತಿದ್ದಳು. ಮೂರನೆಯ ವರ್ಷ, ಹಿಂದಿನ ದಿನವೇ ಕೂತು, ಎರಡು ಪುಟ ಬರೆದಳು. "ಅಕ್ಕನಿಗೆ" ಎಂದು ಹೆಸರಿಟ್ಟು, ಪರದೆಯ ನಟ್ಟನಡುವೆ, ಕುರುಡರಿಗೂ ಕಾಣುವ ಹಾಗೆ ಇಟ್ಟುಹೋದಳು.

ಸಂಜೆ ಬಂದಾಗ ಫೈಲು ಅಲ್ಲೇ ಇತ್ತು. ಹಾಳೆಯಲ್ಲಿ ಒಂದು ಸಾಲು ಹೆಚ್ಚಿತ್ತು: "ನಿನ್ನ ಎಲ್ಲ ಫೈಲುಗಳ ಇನ್ನೊಂದು ಪ್ರತಿಯನ್ನು ಬೇರೆ ಡಿಸ್ಕಿನಲ್ಲಿ ಇಟ್ಟಿದ್ದೇನೆ. ಒಂದೂ ಕಳೆದಿಲ್ಲ."

ತಂಗಿ ಫೋನಿಗಾಗಿ ಕಾದಳು. ಒಂದು ವಾರ, ಒಂದು ತಿಂಗಳು. ಓದಿಯೂ ಸುಮ್ಮನಿದ್ದಾಳೆಂದರೆ ಅದೇ ಅವಳ ಉತ್ತರ ಎಂದುಕೊಂಡಳು.

*

ಎಲ್ಲ ಮುಗಿಸಿ ಬಂದಾಗ ಮಧ್ಯಾಹ್ನ ಮೂರು ದಾಟಿತ್ತು. ಬೇಕರಿಯವನು ಬಾಗಿಲಲ್ಲೇ ಎರಡು ಬ್ರೆಡ್ ಇಟ್ಟು ಹೋದ. ಮೇಷ್ಟ್ರು ಸ್ವಲ್ಪ ಹೊತ್ತು ಕೂತು, ಮೆಟ್ಟಿಲು ಹತ್ತಿ ತಮ್ಮ ಮನೆಗೆ ಹೋದರು.

ತಂಗಿ ಒಳಕೋಣೆಯಲ್ಲಿ ಅಕ್ಕನ ಡ್ರಾಯರು ತೆಗೆದು, ವೈರಸ್ ತೆಗೆಯುವ ಡಿಸ್ಕನ್ನು ಹುಡುಕಿ, ಅದರಿಂದಲೇ ಕಂಪ್ಯೂಟರನ್ನು ಮತ್ತೆ ಎಬ್ಬಿಸಿದಳು. ಒಂದೊಂದೇ ಫೈಲಿನ ಹೆಸರು ಪರದೆಯ ಮೇಲೆ ಹಾದುಹೋಗತೊಡಗಿತು. ಮುಗಿಯಲು ಎರಡು ಗಂಟೆಯಾದರೂ ಬೇಕಿತ್ತು.

ಭಾವ ಎರಡು ಲೋಟ ಟೀ ತಂದ. ಒಂದನ್ನು ಅವಳಿಗೆ ಕೊಟ್ಟು, ಗೋಡೆ ಪಕ್ಕದ ಆರಾಮಕುರ್ಚಿಯಲ್ಲಿ ಕುಸಿದ.

"ಇವತ್ತೇ ಆಗ್ಬೇಕಾ ಇದು?"

"ಬಿಟ್ರೆ ಮರೆತುಹೋಗತ್ತೆ ಭಾವ. ನಾಳೆ ನೀವು ವೈರು ಚುಚ್ತೀರಿ. ಅವಳ ವಿಳಾಸಪಟ್ಟಿ ಇದೆ ಇದ್ರಲ್ಲಿ. ಅವಳ ಹೆಸರಲ್ಲಿ ಇನ್ನೊಂದು ಸಲ ಯಾರಿಗೂ ಏನೂ ಹೋಗ್ಬಾರ್ದು."

ಭಾವ ತಲೆಯಾಡಿಸಿದ. ಟೀ ಕುಡಿಯಲಿಲ್ಲ, ಲೋಟವನ್ನು ತೊಡೆಯ ಮೇಲೆ ಹಿಡಿದುಕೊಂಡ.

"ಒಂದು ಕೇಳ್ತೀನಿ," ಎಂದಳು ತಂಗಿ, ಪರದೆಯಿಂದ ಕಣ್ಣು ತೆಗೆಯದೆ. "ನಮ್ಮನೆ ಕಂಪ್ಯೂಟರಲ್ಲಿ ಒಂದು ಫೈಲಿತ್ತು. 'ಅಕ್ಕನಿಗೆ' ಅಂತ. ಅದರ ವಿಷಯ ಏನಾದ್ರೂ ಹೇಳಿದ್ಲಾ ನಿಮಗೆ?"

"ಹೇಳಿದ್ಲು. ಚಪ್ಪಲಿ ಕಳಚೋ ಮೊದಲೇ ಹೇಳಿದ್ಲು. 'ನನ್ನ ಹೆಸರಲ್ಲಿ ಒಂದಿದೆ ಕಣ್ರೀ' ಅಂತ. ತೆಗೆದು ನೋಡಬಾರದಿತ್ತಾ ಮಾರಾಯ್ತಿ, ಅಂದೆ. 'ಬರೆದದ್ದೆಲ್ಲ ಕಳಿಸೋಕೆ ಅಂತಲೇ ಬರೆದಿರಲ್ಲ, ಅದು ನನಗೆ ಗೊತ್ತಿಲ್ದೆ ಇನ್ಯಾರಿಗೆ ಗೊತ್ತು? ಅವಳಿಗೆ ಕಳಿಸ್ಬೇಕು ಅನ್ಸಿದ ದಿನ ಕಳಿಸ್ತಾಳೆ' ಅಂದ್ಲು." ಲೋಟವನ್ನು ಇನ್ನೊಂದು ಕೈಗೆ ಬದಲಿಸಿ ಹೇಳಿದ: "ಮೂರು ವರ್ಷ, ಎದ್ದವಳೇ ಮೊದಲು ಮೇಲ್ ನೋಡೋಳು. ಆಸ್ಪತ್ರೆಗೆ ಸೇರಿದ ಮೇಲೆ ನನ್ನ ಕೈಲಿ ನೋಡಿಸೋಳು. ಅದಕ್ಕೇ ನಾನು ಇವತ್ತೂ ನೋಡಿದ್ದು. ಅಭ್ಯಾಸ."

ತಂಗಿಯ ಟೀ ಆರಿತು. ಪರದೆಯ ಮೇಲೆ ಹೆಸರುಗಳು ಹಾಯುತ್ತಲೇ ಇದ್ದವು.

"ಓದಿದ್ದಾಳೆ ಅಂದ್ಕೊಂಡಿದ್ದೆ," ಎಂದಳು ಕೊನೆಗೆ. "ಓದಿ, ಬೇಡ ಅಂತ ಬಿಟ್ಟಿದ್ದಾಳೆ ಅಂದ್ಕೊಂಡಿದ್ದೆ."

"ಏನಿತ್ತು ಅದ್ರಲ್ಲಿ?"

ಹೇಳಲು ಶುರುಮಾಡಿದಾಗಲೂ ಅವಳ ಮುಖ ಕಂಪ್ಯೂಟರಿನ ಕಡೆಗೇ ಇತ್ತು.

"ಅಮ್ಮ ನನ್ನ ಮನೇಲಿ ಒಂದು ದಿನವೂ ನಗಲಿಲ್ಲ ಭಾವ. ಮೊದಲ ವಾರ ಚಿಕ್ಕದು ಚಿಕ್ಕದು ಅಂದ್ಲು, ಆಮೇಲೆ ದೊಡ್ಡವಳನ್ನ ಕರಿ, ದೊಡ್ಡವಳನ್ನ ಕರಿ ಅಂತ ಒಂದೇ ಹಟ. ನನಗೆ ಹೊರಳಿಸೋಕೇ ಬರ್ತಿರ್ಲಿಲ್ಲ. ಹೇಗೆ ಹಿಡಿದ್ರೂ ನೋವು ಅನ್ನೋಳು. ಅಕ್ಕ ಹೇಗೆ ಹಿಡೀತಿದ್ಲು ಅಂತ ಫೋನು ಮಾಡಿ ಕೇಳ್ಬೇಕು ಅನ್ಸೋದು. ಹೇಗೆ ಕೇಳ್ಲಿ? ಬೆನ್ನೆಲ್ಲ ಹುಣ್ಣಾಯ್ತು. ಐದನೇ ವಾರ ನಾನು ಶಾಲೆಗೆ ರಜಾ ಹಾಕಿ, ಅವಳ ಹಾಸಿಗೆ ಪಕ್ಕ ನೆಲದ ಮೇಲೆ ಕೂತು, ಹೋಗಿಬಿಡಮ್ಮ, ನನ್ನ ಕೈಲಾಗಲ್ಲ, ಅಂದೆ. ಬಾಯಿ ಬಿಟ್ಟೇ ಅಂದೆ. ನೀನು ಬರೆದು ಮುಚ್ಚಿಟ್ಟಿದ್ದೆ ಅಕ್ಕ. ನಾನು ಅವಳ ಕಿವಿಗೆ ಕೇಳೋ ಹಾಗೆ ಅಂದೆ."

ಹಿಂದಿನಿಂದ ಸದ್ದಿರಲಿಲ್ಲ. ತಿರುಗಿ ನೋಡಿದಳು. ಭಾವನ ತಲೆ ಒಂದು ಕಡೆ ವಾಲಿ, ಬಾಯಿ ತುಸು ತೆರೆದಿತ್ತು. ಎಷ್ಟು ಹೊತ್ತಿಗೆ ನಿದ್ದೆ ಹತ್ತಿತ್ತೋ. ಲೋಟ ಕೈಯಲ್ಲಿ ವಾಲುತ್ತಾ, ಟೀ ಅಂಚಿಗೆ ಬಂದು ನಿಂತಿತ್ತು.

ಅವಳು ಎದ್ದು, ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ಲೋಟವನ್ನು ತೆಗೆದು ನೆಲದ ಮೇಲಿಟ್ಟಳು. ಸದ್ದಾಗದಂತೆ ತನ್ನ ಕುರ್ಚಿಯನ್ನು ಅವನ ಹತ್ತಿರಕ್ಕೆ ಎಳೆದುಕೊಂಡು ಕೂತು, ದನಿ ತಗ್ಗಿಸಿ, ಬಿಟ್ಟಲ್ಲಿಂದ ಹೇಳತೊಡಗಿದಳು.

"ಆರನೇ ವಾರ, ಅಕ್ಕ, ಅವಳು ಮಾತು ನಿಲ್ಲಿಸಿದ್ಲು..."